ಹೆರಿಗೆಯ ಹೊತ್ತಿನಲ್ಲಿ ಶಿಶುವಿನ ಎದೆಬಡಿತ

ಹಲಸಿನಕಾಯಿ ಬಲಿತಿದೆಯೇ ಇಲ್ಲವೇ ಎಂಬುದನ್ನು ತಿಳಿಯಲು ನಮ್ಮ ಕಡೆಯ ರೈತರು ಅದನ್ನು ಕೊಯ್ದು ನೋಡುವುದಿಲ್ಲ. ಬೆರಳಿನಿಂದ ತಟ್ಟಿ, ಹೊರಡುವ ಶಬ್ದವನ್ನು ಆಲಿಸುತ್ತಾರೆ. ಕಣ್ಣಿಗೆ ಕಾಣದ ಒಳಗಿನ ಸ್ಥಿತಿಯನ್ನು ಕಿವಿಗೆ ಬೀಳುವ ಶಬ್ದದಿಂದ ಊಹಿಸುವ ಈ ಉಪಾಯ ವೈದ್ಯಶಾಸ್ತ್ರದಲ್ಲಿಯೂ ಹಳೆಯದೇ. ಒಳಗಿರುವುದು ಇನ್ನೂ ಹುಟ್ಟದ ಮಗುವಾದರಂತೂ ಈ ಉಪಾಯದ ಬೆಲೆ ಹೆಚ್ಚು. ಹೆರಿಗೆಯ ನೋವು ಆರಂಭವಾದ ಮೇಲೆ ಗರ್ಭದೊಳಗಿನ ಮಗು ಸುಖವಾಗಿದೆಯೇ, ಕಷ್ಟದಲ್ಲಿದೆಯೇ? ಅದರ ಅಳು ಕೇಳಿಸದು, ಮೈಬಣ್ಣ ಕಾಣಿಸದು, ಉಸಿರನ್ನು ಎಣಿಸೋಣವೆಂದರೆ ಅದಿನ್ನೂ ಗಾಳಿಯನ್ನೇ ಕಂಡಿಲ್ಲ. ಹೊರಗಿರುವವರಿಗೆ ಎಡೆಬಿಡದೆ ದೊರೆಯುವ ಸಾಕ್ಷ್ಯವೆಂದರೆ ಅದರ ಎದೆಬಡಿತ.

ಈ ಬಡಿತವನ್ನು ಎಣಿಸುವುದು ಕಷ್ಟವಲ್ಲ. ಅದರ ಅರ್ಥವನ್ನು ತಿಳಿಯುವುದು ಬೇರೆಯೇ ವಿದ್ಯೆ. ನಿಮಿಷಕ್ಕೆ ಎಷ್ಟು ಬಡಿತ ಎಂಬುದಕ್ಕಿಂತಲೂ, ಬಡಿತದ ಏರಿಳಿತವು ನೋವಿನ ಏರಿಳಿತದೊಡನೆ ಯಾವ ಕಾಲಸಂಬಂಧವನ್ನು ಹೊಂದಿದೆ ಎಂಬುದೇ ಅಲ್ಲಿ ಮುಖ್ಯ. ಎರಡು ತರಂಗಗಳನ್ನು ಹೋಲಿಸುವಾಗ ಒಂದು ಇನ್ನೊಂದಕ್ಕಿಂತ ಎಷ್ಟು ಹಿಂದೆ ಬಿದ್ದಿದೆ ಎಂಬುದನ್ನು ಭೌತಶಾಸ್ತ್ರದ ವಿದ್ಯಾರ್ಥಿಗಳು ಲೆಕ್ಕ ಹಾಕುತ್ತಾರಷ್ಟೆ? ಹೆರಿಗೆಯ ಕೋಣೆಯಲ್ಲಿ ದಾದಿಯು ಮಾಡುವುದೂ ಬಹುಮಟ್ಟಿಗೆ ಅದೇ ಲೆಕ್ಕ.

ಆಲಿಸಲು ಕಲಿತುದು

ಫ್ರಾನ್ಸಿನ ವೈದ್ಯ ಲೆನೆಕ್ 1816ರಲ್ಲಿ ಕಾಗದವನ್ನು ಸುರುಳಿ ಸುತ್ತಿ ರೋಗಿಯ ಎದೆಗೆ ಹಚ್ಚಿ ಆಲಿಸಿದನು. ಸ್ಟೆತಸ್ಕೋಪಿನ ಆರಂಭ ಅದು. ಎರಡು ವರ್ಷಗಳ ಬಳಿಕ, 1818ರಲ್ಲಿ, ಜಿನೀವಾದ ಮೇಯರ್ ಎಂಬ ಶಸ್ತ್ರವೈದ್ಯನು ಗರ್ಭಿಣಿಯ ಹೊಟ್ಟೆಗೆ ಕಿವಿಯಿಟ್ಟು ಮಗುವಿನ ಎದೆಬಡಿತವನ್ನು ಕೇಳಿದುದಾಗಿ ವರದಿಯಾಯಿತು. 1821ರಲ್ಲಿ ಕೆರ್ಗರಡೆಕ್ ಎಂಬ ಫ್ರೆಂಚ್ ವೈದ್ಯನು, ಗರ್ಭಜಲದ ಸಪ್ಪಳವಾದರೂ ಕೇಳೀತೇ ಎಂದು ಸ್ಟೆತಸ್ಕೋಪನ್ನು ಹಚ್ಚಿದಾಗ, ಗಡಿಯಾರದ ಟಿಕ್‌ಟಿಕ್‌ನಂತಹ ಶಬ್ದವೊಂದನ್ನು ಕೇಳಿದನು. ಅದು ತಾಯಿಯ ನಾಡಿಗಿಂತ ಬಹಳ ವೇಗವಾಗಿತ್ತು. ಮಗುವಿನ ಕ್ಷೇಮವನ್ನು ತಿಳಿಯಲು ಈ ಶಬ್ದ ನೆರವಾದೀತೆಂಬ ಸೂಚನೆಯನ್ನೂ ಅವನು ಕೊಟ್ಟನು. 1895ರಲ್ಲಿ ಪಿನಾರ್ಡ್ ಎಂಬವನು ರೂಪಿಸಿದ ತುತ್ತೂರಿಯಾಕಾರದ ಕೊಳವೆ ಇಂದಿಗೂ ಅನೇಕ ಹೆರಿಗೆ ಕೋಣೆಗಳಲ್ಲಿದೆ. ಅದಕ್ಕೆ ವಿದ್ಯುತ್ತು ಬೇಡ, ಬ್ಯಾಟರಿ ಬೇಡ. ಕೇಳಬಲ್ಲ ಕಿವಿಯೊಂದಿದ್ದರೆ ಸಾಕು.

ಈಗ ಹೆಚ್ಚಾಗಿ ಬಳಕೆಯಲ್ಲಿರುವ ಉಪಕರಣ ಡಾಪ್ಲರ್. ಬಿ.ಸಿ. ರೋಡಿನ ಹೆದ್ದಾರಿಯ ಅಂಚಿನಲ್ಲಿ ನಿಂತವರಿಗೆ, ಹಾರನ್ ಒತ್ತುತ್ತ ಬರುವ ಬಸ್ಸಿನ ಸ್ವರವು ಬಸ್ಸು ಹತ್ತಿರ ಬರುವಾಗ ಹೆಚ್ಚು ತಾರವಾಗಿ, ದಾಟಿಹೋದೊಡನೆ ತಗ್ಗಿದಂತೆ ಕೇಳಿಸುತ್ತದೆ. ಚಲನೆಯಿಂದ ಕಂಪನಸಂಖ್ಯೆಯಲ್ಲಿ ಉಂಟಾಗುವ ಈ ವ್ಯತ್ಯಾಸವನ್ನು 1842ರಲ್ಲಿ ಆಸ್ಟ್ರಿಯದ ವಿಜ್ಞಾನಿ ಡಾಪ್ಲರ್ ವಿವರಿಸಿದನು. ಉಪಕರಣವು ತಾಯಿಯ ಹೊಟ್ಟೆಯೊಳಕ್ಕೆ ಶ್ರವಣಾತೀತ ಧ್ವನಿಯನ್ನು ಕಳುಹಿಸಿ, ಮಗುವಿನ ಹೃದಯದಿಂದ ಹಿಂದಿರುಗುವ ಪ್ರತಿಧ್ವನಿಯೊಡನೆ ಅದನ್ನು ಹೋಲಿಸುತ್ತದೆ. ಕಳುಹಿಸಿದ ಧ್ವನಿಯ ಕಂಪನಸಂಖ್ಯೆ ಸೆಕೆಂಡಿಗೆ 20 ಲಕ್ಷ, ಹೃದಯದ ಚಲನೆಯ ವೇಗ ಸೆಕೆಂಡಿಗೆ 10 ಸೆಂಟಿಮೀಟರ್ ಎಂದಿಟ್ಟುಕೊಳ್ಳೋಣ. ಮೈಯ ಅಂಗಾಂಶಗಳಲ್ಲಿ ಧ್ವನಿಯ ವೇಗ ಸೆಕೆಂಡಿಗೆ ಸುಮಾರು 1,540 ಮೀಟರ್. ಲೆಕ್ಕ ಹಾಕಿದರೆ ಎರಡು ಧ್ವನಿಗಳ ಕಂಪನಸಂಖ್ಯೆಗಳ ವ್ಯತ್ಯಾಸ ಸುಮಾರು 260 ಬರುತ್ತದೆ. ಇದು ನಮ್ಮ ಕಿವಿಗೆ ಚೆನ್ನಾಗಿ ಕೇಳುವ ಸ್ವರ! ಕೇಳದ ಧ್ವನಿಯೆರಡರ ವ್ಯತ್ಯಾಸ ಕೇಳುವ ಧ್ವನಿಯಾಗುವುದರಿಂದಲೇ ಡಾಪ್ಲರ್ ಯಂತ್ರದಿಂದ ಕುದುರೆಯ ಓಟದಂತಹ ಸದ್ದು ಹೊರಡುವುದು.

1958ರಲ್ಲಿ ಅಮೆರಿಕದ ಎಡ್ವರ್ಡ್ ಹಾನ್ ಮಗುವಿನ ಹೃದಯದ ವೇಗವನ್ನು ವಿದ್ಯುತ್ತಿನ ಸಹಾಯದಿಂದ ಎಡೆಬಿಡದೆ ದಾಖಲಿಸುವ ವಿಧಾನವನ್ನು ಪ್ರಕಟಿಸಿದನು. ಮುಂದಿನ ದಶಕದಲ್ಲಿ ಇದು ಆಸ್ಪತ್ರೆಯ ಯಂತ್ರವಾಯಿತು. ಇಂದು ಕಾರ್ಡಿಯೊಟೋಕೊಗ್ರಾಫ್ ಎನಿಸಿಕೊಂಡಿರುವ ಈ ಯಂತ್ರವು ಚಲಿಸುವ ಕಾಗದದ ಮೇಲೆ ಎರಡು ರೇಖೆಗಳನ್ನು ಬರೆಯುತ್ತದೆ. ಮೇಲಿನದು ಮಗುವಿನ ಎದೆಬಡಿತ. ಕೆಳಗಿನದು ಗರ್ಭಕೋಶದ ಸಂಕೋಚನ. ಸಂಕೋಚನವನ್ನೇ ಜನರು 'ನೋವು' ಎನ್ನುತ್ತಾರೆ. ಇಲ್ಲಿ ನಾವೂ ಹಾಗೆಯೇ ಕರೆಯೋಣ.

ಪ್ರತಿಯೊಂದು ನೋವೂ ಒಂದು ಮುಳುಗು

ಮಗುವಿಗೆ ಬೇಕಾದ ಆಮ್ಲಜನಕ ತಾಯಿಯ ರಕ್ತದಿಂದ ಮಾಸಿನ ಮೂಲಕ, ಹೊಕ್ಕುಳಬಳ್ಳಿಯ ದಾರಿಯಾಗಿ ಬರುತ್ತದೆ. ತಾಯಿಯ ರಕ್ತವು ಮಾಸನ್ನು ತಲಪಬೇಕಾದರೆ ಗರ್ಭಕೋಶದ ಸ್ನಾಯುವಿನ ನಡುವೆ ಹಾದುಹೋಗುವ ಸಣ್ಣ ಧಮನಿಗಳನ್ನು ದಾಟಬೇಕು. ನೋವು ಇಲ್ಲದಾಗ ಗರ್ಭಕೋಶದೊಳಗಿನ ಒತ್ತಡ ಸುಮಾರು 10 ಮಿಲಿಮೀಟರು ಪಾದರಸದಷ್ಟಿದ್ದು, ಬಲವಾದ ನೋವಿನಲ್ಲಿ 50 ಅಥವಾ ಅದಕ್ಕೂ ಮೇಲೇರುತ್ತದೆ. ಆಗ ಸ್ನಾಯು ಬಿಗಿದು, ಧಮನಿಗಳು ಅದುಮಲ್ಪಟ್ಟು, ಮಾಸಿಗೆ ಬರುವ ರಕ್ತ ಕೆಲಹೊತ್ತು ಬಹಳ ಕಡಮೆಯಾಗುತ್ತದೆ, ಇಲ್ಲವೆ ನಿಂತೇಹೋಗುತ್ತದೆ.

ನೇತ್ರಾವತಿಯಲ್ಲಿ ಮುಳುಗು ಹಾಕುವವನು ಉಸಿರು ಕಟ್ಟಿ, ಮೇಲೆದ್ದು ಉಸಿರೆಳೆದುಕೊಂಡು, ಮತ್ತೆ ಮುಳುಗುತ್ತಾನೆ. ಮಗುವಿನ ಸ್ಥಿತಿಯೂ ಹೀಗೆಯೇ. ಒಂದು ನೋವು ಸುಮಾರು ಮುಕ್ಕಾಲು ನಿಮಿಷದಿಂದ ಒಂದು ನಿಮಿಷದವರೆಗೆ ಇರುತ್ತದೆ. ಮುಂದಿನ ನೋವಿನವರೆಗೆ ಬಿಡುವು ದೊರೆಯುತ್ತದೆ. ಮಗುವಿನ ಹಿಮೊಗ್ಲೋಬಿನ್ ದೊಡ್ಡವರದಕ್ಕಿಂತ ಬಿಗಿಯಾಗಿ ಆಮ್ಲಜನಕವನ್ನು ಹಿಡಿಯಬಲ್ಲದು. ಅದರ ಪ್ರಮಾಣವೂ ಹೆಚ್ಚು. ಆದುದರಿಂದ ಆರೋಗ್ಯವಂತ ಶಿಶು ಇಂತಹ ನೂರಾರು ಮುಳುಗುಗಳನ್ನು ತೊಂದರೆಯಿಲ್ಲದೆ ತಾಳಿಕೊಳ್ಳುತ್ತದೆ. ಆದರೆ 10 ನಿಮಿಷಗಳಲ್ಲಿ 5ಕ್ಕಿಂತ ಹೆಚ್ಚು ನೋವುಗಳು ಬರತೊಡಗಿದರೆ ಉಸಿರೆಳೆದುಕೊಳ್ಳುವ ಬಿಡುವು ಸಾಲದಾಗುತ್ತದೆ. ನೋವನ್ನು ಹೆಚ್ಚಿಸಲು ಆಕ್ಸಿಟೋಸಿನ್ ಔಷಧವನ್ನು ಡ್ರಿಪ್ ಮೂಲಕ ಕೊಡುವಾಗ ದಾದಿಯು ಕಣ್ಣಿಟ್ಟು ನೋಡುವುದು ಇದಕ್ಕಾಗಿಯೇ.

ಕ್ಷೇಮದ ಲಕ್ಷಣಗಳು

ಎದೆಬಡಿತದ ರೇಖೆಯನ್ನು ಓದುವಾಗ ಮೊದಲು ನೋಡುವುದು ಮೂಲವೇಗವನ್ನು. ಅಂದರೆ, ಏರಿಳಿತಗಳನ್ನು ಬಿಟ್ಟು ಉಳಿಯುವ ಸರಾಸರಿ ವೇಗವನ್ನು. ಇದು ನಿಮಿಷಕ್ಕೆ 110ರಿಂದ 160ರವರೆಗೆ ಇರಬೇಕು. ತಾಯಿಗೆ ಜ್ವರ ಬಂದರೆ ಇದು 160ನ್ನು ಮೀರುವುದುಂಟು. ಆಗ ಮಗುವಿನ ಬಡಿತವೇ ತಾಯಿಯ ಮೈಕಾವನ್ನು ಅಳೆಯಿರೆಂದು ನೆನಪಿಸುತ್ತದೆ.

ಎರಡನೆಯದು, ಬಡಿತದ ಚಾಂಚಲ್ಯ. ವಾಚಕರಿಗೆ ಇದು ವಿಚಿತ್ರವೆನಿಸಬಹುದು. ಲೋಲಕವು ಒಂದೇ ಸಮನಾಗಿ ತೂಗಿದರೆ ಗಡಿಯಾರ ಒಳ್ಳೆಯದೆನ್ನುತ್ತೇವೆ. ಆದರೆ ಕ್ಷೇಮವಾಗಿರುವ ಶಿಶುವಿನ ಹೃದಯ ಎಂದೂ ಒಂದೇ ಸಮನಾಗಿ ಬಡಿಯುವುದಿಲ್ಲ! ಹೃದಯವನ್ನು ಚುರುಕುಗೊಳಿಸುವ ನರಗಳೂ ಅದನ್ನು ನಿಧಾನಗೊಳಿಸುವ ವೇಗಸ್ ನರವೂ ಕ್ಷಣಕ್ಷಣಕ್ಕೂ ಹಗ್ಗ ಜಗ್ಗುತ್ತಿರುತ್ತವೆ. ಆದುದರಿಂದ ವೇಗವು ನಿಮಿಷಕ್ಕೆ 5ರಿಂದ 25 ಬಡಿತಗಳಷ್ಟು ಹಿಂದುಮುಂದಾಗುತ್ತಲೇ ಇರುತ್ತದೆ. ಈ ಚಾಂಚಲ್ಯವಿದ್ದರೆ ಮಿದುಳಿಗೆ ಸಾಕಷ್ಟು ಆಮ್ಲಜನಕ ದೊರೆಯುತ್ತಿದೆಯೆಂದು ನಂಬಬಹುದು. ರೇಖೆ ಬಹಳ ಹೊತ್ತು ಚಪ್ಪಟೆಯಾಗಿ ಉಳಿದರೆ ಮಗು ನಿದ್ರಿಸುತ್ತಿರಬಹುದು, ತಾಯಿಗೆ ಕೊಟ್ಟ ಔಷಧದಿಂದ ಮಂಕಾಗಿರಬಹುದು, ಅಥವಾ ಬಳಲುತ್ತಿರಬಹುದು. ಇನ್ನೂ ಒಂದು ರೂಪವಿದೆ: ಗಣಿತದ ಪುಸ್ತಕದಲ್ಲಿ ಕಾಣುವ ಸೈನ್ ರೇಖೆಯಂತೆ, ನಿಮಿಷಕ್ಕೆ 3ರಿಂದ 5 ಅಲೆಗಳಾಗಿ, ನುಣುಪಾಗಿ ಏರಿಳಿಯುವ ರೂಪ. ಭೌತಶಾಸ್ತ್ರಜ್ಞನಿಗೆ ಅದು ಸುಂದರ; ವೈದ್ಯನಿಗೆ ಭಯಂಕರ. ಶಿಶುವಿನ ತೀವ್ರ ರಕ್ತಹೀನತೆಯಲ್ಲಿ ಅದು ಕಾಣಿಸಿಕೊಳ್ಳುತ್ತದೆ.

ಮೂರನೆಯದು ತಾತ್ಕಾಲಿಕ ಏರಿಕೆ. ಮಗು ಮೈ ಆಡಿಸಿದಾಗ ಬಡಿತವು ಮೂಲವೇಗಕ್ಕಿಂತ 15ರಷ್ಟು ಮೇಲೇರಿ, 15 ಸೆಕೆಂಡಾದರೂ ಹಾಗೆಯೇ ಇದ್ದು ಇಳಿದರೆ, ಅದು ಕ್ಷೇಮದ ಗುರುತು.

ಇಳಿತದ ಮೂರು ಬಗೆ

ಇನ್ನು ಉಳಿದುದು ಬಡಿತದ ಇಳಿತ. ಇಲ್ಲಿಯೇ ಕಾಲದ ಲೆಕ್ಕ ಬರುವುದು.

ನೋವಿನೊಡನೆಯೇ ಮೆಲ್ಲನೆ ಇಳಿದು, ನೋವಿನ ಶಿಖರದಲ್ಲಿ ತಳವನ್ನು ಮುಟ್ಟಿ, ನೋವು ಮುಗಿದೊಡನೆ ಮೊದಲಿನಂತಾಗುವುದು ಮೊದಲನೆಯ ಬಗೆ. ಎರಡು ರೇಖೆಗಳೂ ಕೆರೆಯ ದಂಡೆಯ ಮರ ಮತ್ತು ನೀರಿನಲ್ಲಿ ಅದರ ಬಿಂಬದಂತೆ ಕಾಣುತ್ತವೆ. ಮಗುವಿನ ತಲೆ ಅದುಮಲ್ಪಟ್ಟಾಗ ವೇಗಸ್ ನರ ಕೆರಳುವುದೇ ಇದಕ್ಕೆ ಕಾರಣ. ಇದರಿಂದ ಅಪಾಯವಿಲ್ಲ.

ಎರಡನೆಯದು ತಡವಾದ ಇಳಿತ. ನೋವು ಶಿಖರವನ್ನು ದಾಟಿದ ಮೇಲೆ ಬಡಿತವು ತನ್ನ ತಳವನ್ನು ಮುಟ್ಟುತ್ತದೆ; ನೋವು ಮುಗಿದ ಬಳಿಕವೂ ಸ್ವಲ್ಪ ಹೊತ್ತು ಕೆಳಗೇ ಇರುತ್ತದೆ. ಈ ವಿಳಂಬವೇಕೆ? ಮಾಸಿಗೆ ಬರುವ ರಕ್ತ ಕಡಮೆಯಾದೊಡನೆ ಹೃದಯಕ್ಕೆ ಸುದ್ದಿ ತಲಪುವುದಿಲ್ಲ. ಮೊದಲು ಇದ್ದ ಆಮ್ಲಜನಕ ಕರಗಬೇಕು. ಅದನ್ನು ಅರಿಯುವ ನರಾಗ್ರಗಳು ಎಚ್ಚರಗೊಳ್ಳಬೇಕು. ಆಮೇಲೆ ವೇಗಸ್ ನರ ಹೃದಯವನ್ನು ತಡೆಯಬೇಕು. ಸಂಗ್ರಹ ತುಂಬಿದ್ದರೆ ಸುದ್ದಿ ಹೊರಡುವ ಮೊದಲೇ ನೋವು ಮುಗಿದಿರುತ್ತದೆ. ಆದುದರಿಂದ ನೋವುಗಳೊಡನೆ ತಡವಾದ ಇಳಿತ ಮತ್ತೆ ಮತ್ತೆ ಕಾಣಿಸಿಕೊಂಡರೆ, ಮಗುವಿನ ಸಂಗ್ರಹ ಬರಿದಾಗುತ್ತಿದೆಯೆಂದು ಅರ್ಥ. ಇಳಿತ ಕೇವಲ 10 ಬಡಿತಗಳಷ್ಟೇ ಇದ್ದರೂ ಉದಾಸೀನ ಮಾಡುವಂತಿಲ್ಲ. ಅದರ ಜೊತೆಗೆ ಚಾಂಚಲ್ಯವೂ ಮಾಯವಾಗಿದ್ದರೆ ಕಾಯುವ ಹೊತ್ತು ಮುಗಿಯಿತೆಂದೇ ತಿಳಿಯಬೇಕು.

ಮೂರನೆಯದು ಥಟ್ಟನೆ ಬೀಳುವ, ಆಕಾರ ಹಾಗೂ ಹೊತ್ತು ಬದಲಾಗುತ್ತಿರುವ ಇಳಿತ. ಇದರ ಕಾರಣ ಹೊಕ್ಕುಳಬಳ್ಳಿಯ ಮೇಲಿನ ಒತ್ತಡ. ಬಳ್ಳಿಯ ಅಭಿಧಮನಿಯ ಗೋಡೆ ತೆಳು. ಅದು ಮೊದಲು ಮುಚ್ಚಿದಾಗ ಹೃದಯಕ್ಕೆ ಬರುವ ರಕ್ತ ಕಡಮೆಯಾಗಿ ಬಡಿತ ಕ್ಷಣಕಾಲ ಏರುತ್ತದೆ. ಬಳಿಕ ಅಪಧಮನಿಗಳೂ ಮುಚ್ಚಿ ಮಗುವಿನ ರಕ್ತದೊತ್ತಡ ಹಠಾತ್ತಾಗಿ ಏರಲು, ವೇಗಸ್ ನರವು ಬಡಿತವನ್ನು ಒಮ್ಮೆಲೇ ಕೆಳಗಿಳಿಸುತ್ತದೆ. ಅಪರೂಪಕ್ಕೊಮ್ಮೆ ಇಂತಹ ಇಳಿತ ಬಂದು ಬೇಗನೆ ಸರಿಹೋದರೆ ಚಿಂತೆಯಿಲ್ಲ. ಅದು ಆಳವಾಗಿ, ದೀರ್ಘವಾಗಿ, ಪ್ರತಿ ನೋವಿಗೂ ಬರತೊಡಗಿದರೆ ಎಚ್ಚರ ಅಗತ್ಯ.

ದಾದಿ ಏನು ಮಾಡುತ್ತಾಳೆ?

ಕಾರಣ ತಿಳಿದಿದ್ದರೆ ಪರಿಹಾರವೂ ತೋರುತ್ತದೆ. ಬಡಿತ ತಗ್ಗಿದುದನ್ನು ಕಂಡ ದಾದಿಯು ಮೊದಲು ತಾಯಿಯ ಮಣಿಕಟ್ಟಿನ ನಾಡಿಯನ್ನು ಹಿಡಿಯುತ್ತಾಳೆ. ಏಕೆಂದರೆ ಯಂತ್ರವು ಕೆಲವೊಮ್ಮೆ ತಾಯಿಯ ಬಡಿತವನ್ನೇ ಮಗುವಿನದೆಂದು ತೋರಿಸುವುದುಂಟು. ಜೊತೆಗೆ ತಾಯಿಯನ್ನು ಎಡಮಗ್ಗುಲಿಗೆ ತಿರುಗಿಸುತ್ತಾಳೆ. ಅಂಗಾತ ಮಲಗಿದವಳ ತುಂಬುಗರ್ಭವು ಬೆನ್ನುಮೂಳೆಯ ಮುಂದಿರುವ ದೊಡ್ಡ ರಕ್ತನಾಳಗಳನ್ನು ಅದುಮಿ ಹೃದಯಕ್ಕೆ ಹಿಂದಿರುಗುವ ರಕ್ತವನ್ನು ತಡೆಯುತ್ತದೆ. ಮಗ್ಗುಲಾದರೆ ಆ ಭಾರ ಇಳಿಯುತ್ತದೆ. ಹೊಕ್ಕುಳಬಳ್ಳಿಯ ಮೇಲಿನ ಒತ್ತಡವೂ ಕೆಲವೊಮ್ಮೆ ಹೀಗೆಯೇ ಸಡಿಲವಾಗುತ್ತದೆ.

ಆಕ್ಸಿಟೋಸಿನ್ ಹನಿಯುತ್ತಿದ್ದರೆ ಅದನ್ನು ನಿಲ್ಲಿಸಬೇಕು. ತಾಯಿಯ ರಕ್ತದೊತ್ತಡವನ್ನು ಅಳೆದು, ಅದು ತಗ್ಗಿದ್ದರೆ ರಕ್ತನಾಳದ ಮೂಲಕ ದ್ರವವನ್ನು ಕೊಡಬೇಕು. ನೀರು ಒಡೆದ ಮೇಲೆ ಬಡಿತ ಹಠಾತ್ತಾಗಿ ಬಿದ್ದಿದ್ದರೆ, ಬಳ್ಳಿ ಮಗುವಿಗಿಂತ ಮುಂದಾಗಿ ಜಾರಿಬಂದಿದೆಯೇ ಎಂದು ಒಳಪರೀಕ್ಷೆ ಮಾಡಬೇಕು. ಬಳ್ಳಿ ಕೈಗೆ ಸಿಕ್ಕಿದರೆ ಆ ಕೈಯಿಂದಲೇ ಮಗುವಿನ ತಲೆಯನ್ನು ಮೇಲಕ್ಕೆ ಒತ್ತಿಹಿಡಿದು, ಶಸ್ತ್ರಕ್ರಿಯೆಯವರೆಗೂ ಕೈ ತೆಗೆಯದೆ ಇರಬೇಕು. ಮುಕ್ಕುವ ಹಂತದಲ್ಲಿದ್ದರೆ ಒಂದು ನೋವು ಬಿಟ್ಟು ಒಂದಕ್ಕೆ ಮುಕ್ಕುವಂತೆ ತಾಯಿಗೆ ಹೇಳಬಹುದು. ಇವೆಲ್ಲ ನಡೆಯುತ್ತಿರುವಾಗಲೇ ವೈದ್ಯರಿಗೆ ಕರೆ ಹೋಗಿರಬೇಕು. ಗಂಟೆ ನಿಮಿಷಗಳೊಡನೆ ದಾಖಲೆಯೂ ಆಗಬೇಕು. ನೋವು ಅತಿಯಾಗಿದ್ದರೆ ವೈದ್ಯರು ಗರ್ಭಕೋಶವನ್ನು ಸಡಿಲಿಸುವ ಚುಚ್ಚುಮದ್ದನ್ನು ಹೇಳಬಹುದು. ಹಿಂದೆ ಇಂತಹ ಸಂದರ್ಭದಲ್ಲಿ ತಾಯಿಯ ಮೂಗಿಗೆ ಆಮ್ಲಜನಕದ ಮುಖವಾಡವನ್ನು ಹಾಕುವುದು ವಾಡಿಕೆಯಾಗಿತ್ತು. ತಾಯಿಯ ರಕ್ತದಲ್ಲಿ ಆಮ್ಲಜನಕ ಕಡಮೆಯಿಲ್ಲದಿದ್ದರೆ ಅದರಿಂದ ಮಗುವಿಗೆ ವಿಶೇಷ ಪ್ರಯೋಜನವಿಲ್ಲವೆಂದು ಈಚಿನ ಪ್ರಯೋಗಗಳು ತೋರಿಸಿವೆ.

ಯಂತ್ರದ ಮಿತಿ

ಹಾಗಾದರೆ ಪ್ರತಿಯೊಬ್ಬ ತಾಯಿಗೂ ಹೆರಿಗೆ ಮುಗಿಯುವವರೆಗೆ ಯಂತ್ರವನ್ನು ಕಟ್ಟಿದರೆ ಸಾಲದೆ? 1985ರಲ್ಲಿ ಡಬ್ಲಿನ್ ನಗರದಿಂದ ಸುಮಾರು 13,000 ಹೆರಿಗೆಗಳ ಪ್ರಯೋಗವೊಂದು ಪ್ರಕಟವಾಯಿತು. ಎಡೆಬಿಡದೆ ಯಂತ್ರ ಕಟ್ಟಿದ ಗುಂಪಿನಲ್ಲಿ ಹುಟ್ಟಿದ ಶಿಶುಗಳಿಗೆ ಸೆಳವು ಬರುವುದು ಅರ್ಧಕ್ಕೆ ಇಳಿದಿತ್ತು; ಆದರೆ ಶಿಶುಮರಣ ಕಡಮೆಯಾಗಲಿಲ್ಲ. ಆ ಬಳಿಕ ಹಲವು ಪ್ರಯೋಗಗಳನ್ನು ಒಟ್ಟುಗೂಡಿಸಿ ನೋಡಿದಾಗಲೂ ಇದೇ ಫಲ. ಜೊತೆಗೆ, ಯಂತ್ರ ಕಟ್ಟಿದಲ್ಲಿ ಶಸ್ತ್ರಕ್ರಿಯೆಯ ಹೆರಿಗೆಗಳು ಹೆಚ್ಚಾಗಿದ್ದುವು.

ಇದರ ಕಾರಣವನ್ನು ಒಂದು ಕಲ್ಪಿತ ಲೆಕ್ಕದಿಂದ ತಿಳಿಯಬಹುದು. 1,000 ಹೆರಿಗೆಗಳಲ್ಲಿ 5ರಲ್ಲಿ ಮಾತ್ರ ನಿಜವಾದ ಅಪಾಯವಿದೆಯೆನ್ನೋಣ. ಯಂತ್ರವು ಆ 5ನ್ನೂ ಗುರುತಿಸುತ್ತದೆ. ಆದರೆ ಉಳಿದ 995ರಲ್ಲಿ ನೂರಕ್ಕೆ ಹತ್ತರಂತೆ ಸುಮಾರು 100ರಲ್ಲಿ ಸುಳ್ಳು ಎಚ್ಚರಿಕೆ ಕೊಡುತ್ತದೆ. ಒಟ್ಟು 105 ಎಚ್ಚರಿಕೆಗಳಲ್ಲಿ ನಿಜವಾದುವು 5 ಮಾತ್ರ! ಯಂತ್ರವು 'ಕ್ಷೇಮ' ಎಂದರೆ ಬಹುಮಟ್ಟಿಗೆ ನಂಬಬಹುದು. 'ಅಪಾಯ' ಎಂದಾಗ ಮಾತ್ರ ಮನುಷ್ಯನ ವಿವೇಚನೆ ಬೇಕು. ಇದಲ್ಲದೆ, ಹೊಟ್ಟೆಯ ಮೇಲೆ ಕಟ್ಟಿದ ಪಟ್ಟಿಯು ನೋವಿನ ಹೊತ್ತನ್ನು ತೋರಿಸುವುದೇ ಹೊರತು ಒಳಗಿನ ನಿಜವಾದ ಒತ್ತಡವನ್ನು ತೋರಿಸುವುದಿಲ್ಲ. ನೋವಿನ ಬಲವನ್ನು ತಿಳಿಯಲು ಹೊಟ್ಟೆಯ ಮೇಲೆ ಕೈಯಿಡಲೇಬೇಕು.

ಈ ಎಲ್ಲ ಕಾರಣಗಳಿಂದ ವಿಶ್ವ ಆರೋಗ್ಯ ಸಂಸ್ಥೆಯು 2018ರಲ್ಲಿ, ಆರೋಗ್ಯವಂತ ತಾಯಂದಿರ ಸಹಜ ಹೆರಿಗೆಯಲ್ಲಿ ಯಂತ್ರವನ್ನು ಎಡೆಬಿಡದೆ ಕಟ್ಟುವ ಬದಲು, ಡಾಪ್ಲರ್ ಅಥವಾ ಪಿನಾರ್ಡ್ ಕೊಳವೆಯಿಂದ ಬಿಟ್ಟು ಬಿಟ್ಟು ಆಲಿಸಬೇಕೆಂದು ಹೇಳಿತು. ನೋವು ಬಲಿತ ಮೊದಲ ಹಂತದಲ್ಲಿ 15ರಿಂದ 30 ನಿಮಿಷಗಳಿಗೊಮ್ಮೆ, ಮುಕ್ಕುವ ಹಂತದಲ್ಲಿ 5 ನಿಮಿಷಕ್ಕೊಮ್ಮೆ, ಪ್ರತಿಸಲವೂ ಕನಿಷ್ಠ ಒಂದು ನಿಮಿಷ. ಅದೂ ನೋವಿನ ನಡುವೆ ಆರಂಭಿಸಿ, ಅದು ಮುಗಿದ ಮೇಲೆ 30 ಸೆಕೆಂಡಾದರೂ ಮುಂದುವರಿಸಬೇಕು. ನೋವು ಮುಗಿದೊಡನೆ ಕಿವಿ ತೆಗೆದರೆ ತಡವಾದ ಇಳಿತ ಕೇಳುವುದೇ ಇಲ್ಲ. ಆ 30 ಸೆಕೆಂಡುಗಳ ಮಹತ್ವ ಅದು.

ದಾರಿಯ ಲೆಕ್ಕ

ನಮ್ಮ ಜಿಲ್ಲೆಯ ಮಟ್ಟಿಗೆ ಈ ವಿಷಯಕ್ಕೆ ಇನ್ನೊಂದು ಮುಖವಿದೆ. ಬಂಟವಾಳ, ಬೆಳ್ತಂಗಡಿ, ಮೂಡುಬಿದಿರೆಗಳಲ್ಲಿ ಸರಕಾರಿ ಆಸ್ಪತ್ರೆಗಳಿವೆ. ಆದರೆ ಕಠಿಣ ಪ್ರಸಂಗಗಳನ್ನು ಮಂಗಳೂರಿನ ಲೇಡಿ ಗೋಷನ್ ಹೆರಿಗೆ ಆಸ್ಪತ್ರೆಯಂತಹ ದೊಡ್ಡ ಆಸ್ಪತ್ರೆಗಳಿಗೆ ಕಳುಹಿಸಬೇಕಾಗುವುದುಂಟು. ಮಂಗಳೂರಿಗೆ ಬಂಟವಾಳದಿಂದ ಸುಮಾರು 25, ಮೂಡುಬಿದಿರೆಯಿಂದ ಸುಮಾರು 35, ಬೆಳ್ತಂಗಡಿಯಿಂದ ಸುಮಾರು 60 ಕಿಲೋಮೀಟರು ದಾರಿ. ಚಾರ್ಮಾಡಿಯ ಬುಡದ ಹಳ್ಳಿಗಳು ಇನ್ನೂ ದೂರ. ಗಂಟೆಗೆ 40 ಕಿಲೋಮೀಟರಿನಂತೆ ಸಾಗಿದರೂ ಬೆಳ್ತಂಗಡಿಯಿಂದ ಒಂದೂವರೆ ಗಂಟೆ ಬೇಕು; ಮಳೆಗಾಲದಲ್ಲಿ ಅದಕ್ಕೂ ಹೆಚ್ಚು. ಆದರೆ ತುರ್ತು ಶಸ್ತ್ರಕ್ರಿಯೆಯು ನಿರ್ಧಾರವಾದ 30 ನಿಮಿಷಗಳೊಳಗೆ ಆಗಬೇಕೆಂಬುದು ಅನೇಕ ದೇಶಗಳಲ್ಲಿ ಇರಿಸಿಕೊಂಡಿರುವ ಅಳತೆಗೋಲು. 2008ರಲ್ಲಿ ಆರಂಭವಾದ 108 ಆಂಬುಲೆನ್ಸ್ ಸೇವೆಯು ವಾಹನವನ್ನು ಒದಗಿಸುತ್ತದೆ. ದೂರವನ್ನು ಕಡಮೆ ಮಾಡಲಾರದು.

ಆದುದರಿಂದ, ದೊಡ್ಡ ಆಸ್ಪತ್ರೆಯ ಒಳಗಿರುವ ದಾದಿಗೆ ಇಳಿತವನ್ನು ಗುರುತಿಸಿದ ಮೇಲೆ ದೊರೆಯುವಷ್ಟು ಕಾಲಾವಕಾಶ ಬೆಳ್ತಂಗಡಿಯ ದಾದಿಗಿಲ್ಲ. ಆಕೆ ತಡವಾದ ಇಳಿತದ ಮೊದಲ ಸೂಚನೆಯನ್ನೇ ಹಿಡಿಯಬೇಕು. ವೈದ್ಯರು ಕಳುಹಿಸಲು ತೀರ್ಮಾನಿಸಿದರೆ, ಡ್ರಿಪ್ಪಿನಲ್ಲಿದ್ದ ಆಕ್ಸಿಟೋಸಿನ್ ನಿಂತಿರಬೇಕು, ತಾಯಿ ಎಡಮಗ್ಗುಲಲ್ಲಿರಬೇಕು, ಮುಂದಿನ ಆಸ್ಪತ್ರೆಗೆ ಫೋನು ಹೋಗಿರಬೇಕು, ಬಡಿತದ ದಾಖಲೆ ಹೊತ್ತಿನ ಸಹಿತ ಜೊತೆಯಲ್ಲಿರಬೇಕು.

ಮನೆಯವರಿಗೂ ಇದರಲ್ಲಿ ಪಾಲಿದೆ. ಮಗುವಿನ ಮಿಸುಕಾಟ ಕಡಮೆಯಾದರೆ, ಒಡೆದ ನೀರು ಹಸಿರಾಗಿ ಕಂಡರೆ, ರಕ್ತ ಕಾಣಿಸಿಕೊಂಡರೆ, ಬೆಳಗಾಗಲೆಂದು ಕಾಯದೆ ತಾಯಿ ಕಾರ್ಡಿನೊಡನೆ ಆಸ್ಪತ್ರೆಗೆ ಹೊರಡಬೇಕು. ನೋವು ಯಾವಾಗ ಆರಂಭವಾಯಿತು, ನೀರು ಯಾವಾಗ ಒಡೆಯಿತು ಎಂಬ ಹೊತ್ತನ್ನು ಬರೆದಿಟ್ಟುಕೊಂಡರೆ ದಾದಿಗೆ ದೊಡ್ಡ ಉಪಕಾರ.

ದಾದಿಯಾಗುವ ಅಥವಾ ವೈದ್ಯರಾಗುವ ಬಯಕೆಯುಳ್ಳ ವಿದ್ಯಾರ್ಥಿಗಳು ಮೇಲಿನ ಎರಡು ರೇಖೆಗಳನ್ನು ತಮ್ಮ ನೋಟುಪುಸ್ತಕದಲ್ಲಿ ಒಮ್ಮೆ ಬರೆದು ನೋಡಲಿ: ಕೆಳಗೆ ನೋವು, ಮೇಲೆ ಬಡಿತ. ಮೇಲಿನ ತಗ್ಗನ್ನು ಅರ್ಧ ಸೆಂಟಿಮೀಟರು ಬಲಕ್ಕೆ ಸರಿಸಿದರೆ, ಕ್ಷೇಮವಾಗಿದ್ದ ಶಿಶುವಿನ ಚಿತ್ರ ಬಳಲುತ್ತಿರುವ ಶಿಶುವಿನ ಚಿತ್ರವಾಗುತ್ತದೆ. ನಿಮಿಷಕ್ಕೆ ಒಂದು ಸೆಂಟಿಮೀಟರಿನಂತೆ ಓಡುವ ಕಾಗದದಲ್ಲಿ ಅದು ಕೇವಲ 30 ಸೆಕೆಂಡು. ಆ 30 ಸೆಕೆಂಡುಗಳನ್ನು ಗುರುತಿಸಲು ಒಂದು ಕೈಗಡಿಯಾರ, ತಾಯಿಯ ಹೊಟ್ಟೆಯ ಮೇಲೊಂದು ಕೈ, ತಾಳ್ಮೆಯಿಂದ ಆಲಿಸುವ ಕಿವಿ, ಇಷ್ಟೇ ಬೇಕು. ಇವು ಮೂರೂ ಅತಿ ಚಿಕ್ಕ ಆಸ್ಪತ್ರೆಯಲ್ಲಿಯೂ ದೊರೆಯುವಂಥವು.